ಗೋಣಿಚೀಲದ ಮೇಲೆ ನಿಂತ ಸಾವಕಾರ

ನೆನೆದ ಗೋಣಿಚೀಲಕ್ಕೆ ಒಂದು ವಾಸನೆ ಇರುತ್ತದೆ. ಮಣ್ಣಿನದೂ ಅಲ್ಲ, ಹುಲ್ಲಿನದೂ ಅಲ್ಲ. ಶೇಂಗಾ ತುಂಬಿದ್ದ ಚೀಲವಾದರೆ ಒಂದಿಷ್ಟು ಎಣ್ಣೆಯ ಕಮಟೂ ಸೇರಿರುತ್ತದೆ. ಇವತ್ತು ಬೆಳಿಗ್ಗೆ ನಮ್ಮ ಬಚ್ಚಲಲ್ಲಿ ಪ್ಲಾಸ್ಟಿಕ್ ಟಬ್ಬಿನ ತಳಕ್ಕೆ ಚೀಲ ಮಡಚಿ ಹಾಸಿ ಬೆಚ್ಚನೆಯ ನೀರು ಸುರಿದೆ ನೋಡಿ, ಆ ವಾಸನೆ ಮೂಗಿಗೆ ಬಡಿಯಿತು. ಬಡಿದದ್ದೇ ತಡ, ಕೂತವಳು ಕೂತಲ್ಲಿಯೇ ನಗತೊಡಗಿದೆ.

“ಏನಾತಬೇ ಯವ್ವಾ?” ಎಂದಳು ಮಗಳು. ಅವಳ ಎರಡೂ ಕೈಯಲ್ಲಿ ಬೆಕ್ಕಿತ್ತು.

“ಏನಿಲ್ಲ ಬಿಡು. ನೀರವ್ವ ಬಂದು ಹೋದ್ಲು” ಎಂದೆ.

ಮೊದಲು ಒಂದು ಮಾತು ಹೇಳಿಬಿಡುತ್ತೇನೆ, ಇಲ್ಲದಿದ್ದರೆ ಬರೆಯುವ ಕೈ ಮುಂದಕ್ಕೆ ಓಡುವುದಿಲ್ಲ. ನಾನು ಅಜ್ಜಿಯಾಗಿದ್ದೇನೆ! ಮಗಳ ಮದುವೆಯಾಗಿ ಬಹಳ ವರ್ಷ ಆಗಿತ್ತು. ಹರಕೆ ಆಯಿತು, ಕರ್ನೂಲಿನ ಡಾಕ್ಟರಮ್ಮ ಆಯಿತು, ಉಪವಾಸ ಆಯಿತು... ಕೊನೆಗೆ ನಾವು ಕೇಳುವುದನ್ನು ಬಿಟ್ಟಿದ್ದೆವು, ಅವಳು ಹೇಳುವುದನ್ನು ಬಿಟ್ಟಿದ್ದಳು. ಈಗ ಹೆಣ್ಣು ಕೂಸು ಹುಟ್ಟಿದೆ. ಮೂಗು ನನ್ನದೇ. ಅಳಿಯ ಅದು ತನ್ನ ತಾಯಿಯ ಮೂಗು ಅನ್ನುತ್ತಾನೆ. ಅನ್ನಲಿ ಪಾಪ, ಅವನಿಗೂ ಖುಷಿ ಇರಲಿ.

ಬಾಣಂತನಕ್ಕೆಂದು ಮಗಳು ಆದೋನಿಯ ನಮ್ಮ ಮನೆಗೆ ಬಂದಾಗ ಅವಳ ಮಡಿಲಲ್ಲಿ ಕೂಸಿತ್ತು, ಹಿಂದೆ ಬಂದ ಅಳಿಯನ ಕೈಯ ಬುಟ್ಟಿಯಲ್ಲಿ ಬೆಕ್ಕಿತ್ತು. ಕೂಸಿಲ್ಲದ ಆ ವರ್ಷಗಳಲ್ಲಿ ಅವಳು ಸಾಕಿಕೊಂಡ ಬೆಕ್ಕು ಅದು. ಗಿಡ್ಡ ಕೂದಲಿನದು, ಹೆಸರು ಚುಕ್ಕಿ. ಬಂದ ವಾರದಲ್ಲೇ, ಅಂದರೆ ನಿನ್ನೆ, ಪಕ್ಕದಲ್ಲಿ ಕಟ್ಟುತ್ತಿರುವ ಮನೆಗೆ ಹೋಗಿ ಸಿಮೆಂಟು ಧೂಳಿನಲ್ಲಿ ಹೊರಳಾಡಿ ಬಂತು. ಕೂಸು ನೋಡಲು ಬಂದಿದ್ದ ಓಣಿಯ ಹೆಂಗಸರು ಮೂಗಿನ ಮೇಲೆ ಬೆರಳಿಟ್ಟರು. “ಬಾಣಂತಿ ಮನ್ಯಾಗ ಬೆಕ್ಕೇನವ್ವಾ! ಒಂದು ಚೀಲದಾಗ ಹಾಕಿ ದೂರ ಬಿಟ್ಟು ಬರ್ರಿ” ಎಂದರು. ಮಗಳು ಕೂಸಿನ ಕುಲಾಯಿ ಸರಿಮಾಡುವ ನೆಪದಲ್ಲಿ ತಲೆ ತಗ್ಗಿಸಿದಳು. ಅವಳ ಮುಖ ನನಗೆ ಕಾಣಲಿಲ್ಲ, ಆದರೂ ಕಂಡಿತು. ಚೀಲ ಎಂಬ ಮಾತು ಕೇಳಿದಾಗ ನನ್ನ ಮುಖವೂ ಒಮ್ಮೆ ಹಾಗೇ ಆಗಿತ್ತು.

ಆಗ ನಾನು ಹೊಸ ಸೊಸೆ. ಕೋಸಗಿ ಕಡೆಯ ಹಳ್ಳಿಯಿಂದ ಬಂದವಳು. ಮಾವನದು ಅರಳೆಯ ವ್ಯಾಪಾರ. ಮಿಲ್ಲಿನಲ್ಲಿ ಬೀಜ ತೆಗೆಸಿದ ಹತ್ತಿಯನ್ನು ತಂದು, ಮನೆಯ ಮುಂದಿನ ಅಂಗಡಿಯಲ್ಲಿ ರಾಶಿ ಹಾಕಿ, ಗಾದಿ ದಿಂಬು ಮಾಡಿಸುವವರಿಗೆ ತೂಗಿ ಕೊಡುತ್ತಿದ್ದರು. ಮನೆಯೆಲ್ಲ ಅರಳೆ. ಸೆರಗಿನಲ್ಲಿ ಅರಳೆ, ಸಾರಿನಲ್ಲಿ ಅರಳೆ. ಅತ್ತೆ ಗದರಿದಾಗ ಅತ್ತರೆ ರೆಪ್ಪೆಗೂ ಅರಳೆ.

ನಾನು ಬಂದ ಸ್ವಲ್ಪ ದಿನಕ್ಕೆ ಒಂದು ಬಿಳಿ ಗಂಡು ಬೆಕ್ಕೂ ಬಂದು ಸೇರಿಕೊಂಡಿತು. ಮೈಗೆ ಅಂಟಿದಂಥ ಗಿಡ್ಡ ಕೂದಲು, ಹರಿದ ಎಡಗಿವಿ. ಅರಳೆಯ ರಾಶಿಯ ಮೇಲೆ ಕಾಲು ಮಡಚಿ ಕೂತು ಗಿರಾಕಿಗಳನ್ನು ಅರೆಗಣ್ಣಿನಲ್ಲಿ ನೋಡುತ್ತಿದ್ದ ಆ ಠೀವಿಗೆ ನಾನು ಸಾವಕಾರ ಎಂದು ಹೆಸರಿಟ್ಟೆ. ಆ ಮನೆಯಲ್ಲಿ ತಲೆಯ ಮೇಲೆ ಸೆರಗಿಲ್ಲದೆ ನಾನು ಮಾತಾಡಬಹುದಾಗಿದ್ದದ್ದು ಸಾವಕಾರನೊಬ್ಬನ ಹತ್ತಿರವೇ. ತವರಿನ ಸುದ್ದಿ, ಅತ್ತೆಯ ಸುದ್ದಿ, ರೊಟ್ಟಿ ಸೀದ ಸುದ್ದಿ ಎಲ್ಲ ಅವನಿಗೇ ಹೇಳುತ್ತಿದ್ದೆ. ಅವನು ಯಾರಿಗೂ ಹೇಳುತ್ತಿರಲಿಲ್ಲ. ಬೇರೆಯವರ ಬಗ್ಗೆ ಅಷ್ಟು ಖಾತ್ರಿಯಾಗಿ ಹೇಳಲಾರೆ.

ಅವನಿಗೊಂದೇ ಕೆಟ್ಟ ಚಾಳಿ. ಹಿಂದಿನ ಓಣಿಯ ಜಿನ್ನಿಂಗ್ ಮಿಲ್ಲಿಗೆ ಇಲಿ ಹಿಡಿಯಲು ಹೋಗುವುದು, ಮಷೀನಿನ ಕೆಳಗೆ ನುಸುಳುವುದು, ಗ್ರೀಸು ಮೆತ್ತಿಕೊಂಡು ಬರುವುದು. ಒಂದು ದಿನವಂತೂ ಕುತ್ತಿಗೆಯಿಂದ ಬಾಲದವರೆಗೆ ಕರ್ರಗಾಗಿ ಬಂದ. ಬಂದವನು ನೆಟ್ಟಗೆ ಬೆಳ್ಳನೆಯ ಅರಳೆಯ ರಾಶಿ ಹತ್ತಿ ಎರಡು ಸುತ್ತು ತಿರುಗಿ ಮಲಗಿಬಿಟ್ಟ. ಕೌತಾಳಂ ಕಡೆಯ ರೈತರೊಬ್ಬರು ಮಗಳ ಮದುವೆಯ ಗಾದಿಗೆಂದು ಅರಳೆ ಒಯ್ಯಲು ಅವತ್ತೇ ಸಂಜೆ ಬರುವವರಿದ್ದರು.

ಅತ್ತೆ ಕೂಗಾಡಲಿಲ್ಲ. ಕೂಗಾಡಿದ್ದರೆ ನನಗೆ ಅಷ್ಟು ಹೆದರಿಕೆ ಆಗುತ್ತಿರಲಿಲ್ಲ. ಗೂಟಕ್ಕೆ ನೇತಾಡುತ್ತಿದ್ದ ಗೋಣಿಚೀಲದ ಕಡೆ ಬೆರಳು ತೋರಿಸಿ ಮೆಲ್ಲಗೆ ಹೇಳಿದರು.

“ನೋಡ ಹುಡುಗಿ, ಸಂಜಿ ಒಳಗ ಇದು ಬೆಳ್ಳಗ ಆಗಬೇಕು. ಇಲ್ಲಂದ್ರ ಆ ಚೀಲ, ಮಾಧವರಂ ಬಸ್ಸು, ಹೊಳಿ ಆಚಿ ದಂಡಿ. ತಿಳೀತಿಲ್ಲ?”

ನಮ್ಮ ಕಡೆ ಬೆಕ್ಕು ಬಿಡುವುದೆಂದರೆ ಹಾಗೇ. ಊರಾಚೆ ಬಿಟ್ಟರೆ ತಿರುಗಿ ಬರುತ್ತದೆ, ತುಂಗಭದ್ರೆ ದಾಟಿಸಿದರೆ ದಾರಿ ಮರೆಯುತ್ತದೆ ಎನ್ನುತ್ತಾರೆ. ಹೊಳೆ ದಾಟಿದ ಬೆಕ್ಕು ತಿರುಗಿ ಬಂದದ್ದನ್ನು ಯಾರೂ ನೋಡಿರಲಿಲ್ಲ.

ನಾನು ಹಿತ್ತಿಲ ಬಾಗಿಲಿಂದ ಪಕ್ಕದ ಮನೆಗೆ ಓಡಿದೆ.

ಪಕ್ಕದ ಮನೆಯಾಕೆಯನ್ನು ಓಣಿಯವರೆಲ್ಲ ನೀರವ್ವ ಅನ್ನುತ್ತಿದ್ದರು. ಹುಟ್ಟಿದ ಕೂಸುಗಳಿಗೆಲ್ಲ ನೀರು ಹಾಕುವಾಕೆ ಆಕೆಯೇ. ಎತ್ತರದ ಆಳು, ಗಡಸು ದನಿ, ಬಿಸಿನೀರು ಬಿದ್ದು ಬಿದ್ದು ಕೆಂಪಾದ ಕಣಕಾಲು. ಮಣೆಯ ಮೇಲೆ ಕೂತು, ಸೀರೆ ಮೇಲೆ ಕಟ್ಟಿ, ಎರಡೂ ಕಾಲು ನೀಡಿ ಕೂಸನ್ನು ಅದರ ಮೇಲೆ ಮಲಗಿಸಿಕೊಂಡಳೆಂದರೆ ಸುತ್ತ ನಿಂತವರು ಸುಮ್ಮನಾಗುತ್ತಿದ್ದರು. ಎಣ್ಣೆ ತಿಕ್ಕುವುದು, ಕೈಗೆ ಕಾಲು ಕೂಡಿಸಿ ಮಡಚುವುದು, ಕಡಲೆಹಿಟ್ಟು ಹಚ್ಚುವುದು, ಮುಖಕ್ಕೆ ಬೀಳದ ಹಾಗೆ ಅಂಗೈ ಅಡ್ಡ ಹಿಡಿದು ಚೊಂಬಿನಿಂದ ನೀರು ಹೊಯ್ಯುವುದು, ಕಡೆಗೆ ಲೋಬಾನದ ಹೊಗೆ. ಕೂಸುಗಳನ್ನು ಆಕೆ ತೆಲುಗಿನಲ್ಲೇ ಮುದ್ದು ಮಾಡುತ್ತಿದ್ದಳು. ಬಾಣಂತಿಯರನ್ನು ಬೈಯುವುದು ಮಾತ್ರ ಕನ್ನಡದಲ್ಲಿ.

“ಬೆಕ್ಕಿಗೆ ನೀರು ಹಾಕಾಕ ಬರ್ತೈತೇನಬೇ ನಿನಗ?” ಎಂದು ಕೇಳಿದೆ.

ಆಕೆ ನನ್ನನ್ನು ಕೆಳಗಿನಿಂದ ಮೇಲಕ್ಕೆ ನೋಡಿದಳು. “ಯಾರನ್ನ ಕೇಳಾಕತ್ತಿ, ಗೊತ್ತೈತಿಲ್ಲ? ಈ ಕಾಲ ಮ್ಯಾಲ ಮಲಗಿದವರು ಈಗ ಮೀಸಿ ತಿರುವ್ಯಾಡ್ತಾರ. ಬೆಕ್ಕೇನು ಹೆಚ್ಚಿಂದಲ್ಲ ತಗಿ. ನಾಕು ಕಾಲಿನ ಕೂಸು ಅದು” ಎಂದಳು.

ತಪ್ಪು ಅಲ್ಲೇ ಆಯಿತು.

ನಮ್ಮ ಹಿತ್ತಿಲಲ್ಲಿ ಮಣೆ ಹಾಕಿದೆವು. ನೀರವ್ವ ಕಾಲು ನೀಡಿ ಕೂತು, ಕರ್ರಗಿನ ಸಾವಕಾರನನ್ನು ಅಂಗಾತ ಮಲಗಿಸಿಕೊಂಡು, ಬೆಚ್ಚಗೆ ಮಾಡಿದ ಶೇಂಗಾ ಎಣ್ಣೆಯನ್ನು ಎದೆಯಿಂದ ಹೊಟ್ಟೆಗೆ, ಹೊಟ್ಟೆಯಿಂದ ತೊಡೆಗೆ ನೀವತೊಡಗಿದಳು. ಸುಳ್ಳು ಹೇಳುವುದಿಲ್ಲ, ಅವನು ಅಲುಗಲಿಲ್ಲ. ಕಣ್ಣು ಮುಚ್ಚಿದ. ಗುರುಗುರು ಎಂದು ಸದ್ದು ಮಾಡತೊಡಗಿದ. ಎಣ್ಣೆ ಬಿದ್ದಂತೆ ಗ್ರೀಸೂ ಕರಗಿ ಮೆತ್ತಗಾಗುತ್ತಿತ್ತು. ನೀರವ್ವ ಮೊಗ ಎತ್ತಿ ಗೋಡೆಯಾಚೆಗೂ ಕೇಳುವಂತೆ ಹೇಳಿದಳು.

“ನೋಡಿದ್ಯಾ? ನನ್ನ ಕೈಯಾಗ ಅತ್ತ ಕೂಸು ಇನ್ನಾ ಹುಟ್ಟಿಲ್ಲ!”

ಅಷ್ಟಕ್ಕೇ ಬಿಡಬಹುದಿತ್ತು. ಆದರೆ ಎಣ್ಣೆಯಾದ ಮೇಲೆ ಆಕೆಯ ಕೈ ತಾನಾಗಿಯೇ ಮುಂದಿನ ಕೆಲಸಕ್ಕೆ ಹೋಯಿತು. ಬಲಗೈ, ಅಂದರೆ ಬಲ ಮುಂಗಾಲು ಹಿಡಿದಳು. ಎಡ ಹಿಂಗಾಲು ಹಿಡಿದಳು. ಎರಡನ್ನೂ ಹೊಟ್ಟೆಯ ಮೇಲೆ ಕೂಡಿಸಿ ಕೂಸಿಗೆ ಮಾಡುವಂತೆ ಮಡಚಿದಳು.

ಸಾವಕಾರ ಕಣ್ಣು ಬಿಟ್ಟ.

ಆಮೇಲಿನದು ಸರಿಯಾಗಿ ನೆನಪಿಲ್ಲ... ಒಂದು ಚೀತ್ಕಾರ, ನೀರವ್ವನ ಮುಂಗೈ ಮೇಲೆ ಉದ್ದಕ್ಕೆ ಎಳೆದ ಕೆಂಪು ಗೀರು, ಉರುಳಿದ ಎಣ್ಣೆಯ ಬಟ್ಟಲು. ಹಿತ್ತಿಲ ಬಾಗಿಲು ತೆರೆದೇ ಇತ್ತು. ನಾವಿಬ್ಬರೂ ಅದನ್ನು ಮುಚ್ಚುವ ಯೋಚನೆಯನ್ನೇ ಮಾಡಿರಲಿಲ್ಲ. ಕೂಸುಗಳು ಓಡಿಹೋಗುವುದಿಲ್ಲವಲ್ಲ.

“ನಿಲ್ಲಲೇ! ನಿಲಬಡರಾ!” ಎಂದು ನೀರವ್ವ ಕನ್ನಡದಲ್ಲಿ ಒಮ್ಮೆ ತೆಲುಗಿನಲ್ಲಿ ಒಮ್ಮೆ ಕೂಗುತ್ತ ಹಿಂದೆ ಓಡಿದಳು. ಸಾವಕಾರನಿಗೆ ಎರಡೂ ಭಾಷೆ ತಿಳಿಯುತ್ತಿತ್ತು. ಯಾವುದರಲ್ಲೂ ನಿಲ್ಲಲಿಲ್ಲ. ಅಡುಗೆಮನೆ ದಾಟಿದ, ಪಡಸಾಲೆ ದಾಟಿದ, ಎಣ್ಣೆ ಸುರಿಯುವ ಮೈಯಲ್ಲಿ ಹಾರಿ ನೇರವಾಗಿ ಅರಳೆಯ ರಾಶಿಯೊಳಗೆ ಹೊಕ್ಕ. ರಾಶಿ ಅಲ್ಲಲ್ಲಿ ಉಬ್ಬಿತು, ಇಳಿಯಿತು. ಕಡೆಗೆ ಇನ್ನೊಂದು ಕಡೆಯಿಂದ ಒಂದು ದುಂಡನೆಯ ಬೆಳ್ಳನೆಯ ಪ್ರಾಣಿ ಹೊರಬಂತು. ಕಣ್ಣೆರಡು ಬಿಟ್ಟರೆ ಉಳಿದದ್ದೆಲ್ಲ ಅರಳೆ.

ಸಂಜೆ ಬರಬೇಕಾಗಿದ್ದ ಕೌತಾಳಂ ಕಡೆಯ ರೈತರು ಮಧ್ಯಾಹ್ನದ ಬಸ್ಸಿಗೇ ಬಂದು ಮಾವನ ಎದುರು ಕೂತಿದ್ದರು. ಅವರು ಆ ಪ್ರಾಣಿಯನ್ನು ನೋಡಿದರು, ಮಾವನನ್ನು ನೋಡಿದರು.

“ಶೆಟ್ರ, ಅರಳಿ ಜೋಡಿ ಕುರಿಮರೀನೂ ಮಾರ್ತೀರೇನ್ರಿ?”

ಆ ಮನೆಗೆ ಬಂದಾಗಿನಿಂದ ಮಾವ ನಕ್ಕದ್ದನ್ನು ನಾನು ಕಂಡಿರಲಿಲ್ಲ. ಅವತ್ತು ಕಂಡೆ. ತಕ್ಕಡಿಯ ದಾರ ಹಿಡಿದುಕೊಂಡೇ ನಕ್ಕರು, ಕಣ್ಣೊರೆಸಿಕೊಂಡು ನಕ್ಕರು, ಸಾಕಾಗಿ ಚಾಪೆಯ ಮೇಲೆ ಕುಸಿದು ಕೂತು ಮತ್ತೆ ನಕ್ಕರು. ರೈತರೂ ನಗುತ್ತ ಮೂಲೆಯ ಚೊಕ್ಕ ರಾಶಿಯಿಂದ ತಮಗೆ ಬೇಕಾದಷ್ಟು ಅರಳೆ ತೂಗಿಸಿಕೊಂಡರು.

ಅತ್ತೆ ನಗಲಿಲ್ಲ. ಸುಮ್ಮನೆ ಹೋಗಿ ಗೂಟದ ಮೇಲಿನ ಚೀಲ ತೆಗೆದುಕೊಂಡು ಬಂದರು.

ಅಷ್ಟರಲ್ಲಿ ನಾನು ಸಾವಕಾರನನ್ನು ಹಿಡಿದು ಹಿತ್ತಿಲಿಗೆ ತಂದು, ಸೆರಗಿನಲ್ಲಿ ಸುತ್ತಿ ಎದೆಗವಚಿಕೊಂಡು ನಿಂತಿದ್ದೆ. ನೀರವ್ವ ಗೀರಿಗೆ ಅರಿಸಿನ ಒತ್ತಿಕೊಳ್ಳುತ್ತ ಅವನ ಮೈಮೇಲಿನ ಅರಳೆಯನ್ನು ಒಂದೊಂದೇ ಚಿಟಿಕೆ ಕೀಳುತ್ತಿದ್ದಳು. ಕೀಳುತ್ತ ಕೀಳುತ್ತ ಆಕೆಯ ಕೈ ನಿಂತಿತು. ಕಿತ್ತ ಅರಳೆ ಕರ್ರಗಿತ್ತು! ಎಣ್ಣೆ ಗ್ರೀಸನ್ನು ಎಬ್ಬಿಸಿತ್ತು, ಅರಳೆ ಎರಡನ್ನೂ ಹೀರಿಕೊಂಡಿತ್ತು. ಅರಳೆ ಕಿತ್ತುಬಂದ ಕಡೆಯೆಲ್ಲ ಬಿಳಿ ಕೂದಲು ಇಣುಕುತ್ತಿತ್ತು.

“ಅಯ್ಯ ಇವನ! ತಾನs ತಿಕ್ಕಿಕೊಂಡು ಬಂದಾನಲ್ಲೇ!” ಎಂದಳು ನೀರವ್ವ. ಆಮೇಲೆ ಅತ್ತೆಯ ಕಡೆ ಕೈ ಚಾಚಿದಳು. “ಯಕ್ಕಾ, ಆ ಚೀಲ ಕೊಡು ಇಲ್ಲಿ.”

ನೀರವ್ವನೂ ಕೈಬಿಟ್ಟಳು ಎಂದುಕೊಂಡೆ. ಅತ್ತೆಯೂ ಹಾಗೇ ಅಂದುಕೊಂಡಿರಬೇಕು, ಮರುಮಾತಿಲ್ಲದೆ ಚೀಲ ಕೊಟ್ಟರು. ನೀರವ್ವ ಅದನ್ನು ನಾಲ್ಕು ಮಡಿಕೆ ಮಾಡಿದಳು, ಹಿತ್ತಾಳೆಯ ಬುಟ್ಟಿಯಂಥ ನಮ್ಮ ದೊಡ್ಡ ಬೋಗುಣಿಯ ತಳಕ್ಕೆ ಹಾಸಿದಳು, ಅಂಗೈಯಿಂದ ತಟ್ಟಿ ಸಮ ಮಾಡಿದಳು.

“ನಂದs ತಪ್ಪಾತು. ಕೂಸಿಗೆ ಮಡಿಲು ಬೇಕು, ಇವನಿಗೆ ಕಾಲ ಕೆಳಗ ನೆಲ ಬೇಕು. ಬಚ್ಚಲದಾಗ ಕಾಲು ಜಾರಿದ್ರ ನಾನs ಊರು ಒಂದು ಮಾಡ್ತೀನಿ. ಇವನ್ಯಾಕ ಸುಮ್ಮನಿರ್ತಾನ? ಏ ಹುಡುಗಿ, ಬಾಗಿಲಾ ಹಾಕು ಮದಲ!”

ಬಾಗಿಲು ಹಾಕಿದೆ. ಚಿಲಕ ಎರಡು ಸಲ ನೋಡಿದೆ. ಕಿತ್ತ ಅರಳೆ ಹಿತ್ತಿಲ ತುಂಬ ಬಿದ್ದಿತ್ತು. ಅತ್ತೆ ಸಿಟ್ಟಿನಲ್ಲೂ ಏನನ್ನೂ ಹಾಳು ಮಾಡುವವರಲ್ಲ, “ಎಣ್ಣಿ ಕುಡಿದೈತಿ, ನೀರೊಲಿಗೆ ಹಾಕ್ರಿ” ಎಂದರು. ಅವನನ್ನು ತೊಳೆಯುವ ನೀರು ಅವನ ಮೈಯಿಂದ ಬಂದ ಅರಳೆಯಿಂದಲೇ ಕಾಯಿತು.

ಕೂಸುಗಳಿಗೆ ಕೆಂಪಾಗುವಷ್ಟು ಬಿಸಿ ಹೊಯ್ಯುವ ನೀರವ್ವ ಈ ಸಲ ನೀರನ್ನು ಮೊಣಕೈ ಮೇಲೆ ಸುರಿದುಕೊಂಡು ನೋಡಿದಳು, ತಣ್ಣೀರು ಬೆರೆಸಿದಳು, ಮತ್ತೆ ನೋಡಿದಳು. ಬಿಸಿಯೂ ಅಲ್ಲ, ತಂಪೂ ಅಲ್ಲ ಅನ್ನಿಸಿದ ಮೇಲೆ ಬೋಗುಣಿಗೆ ಅವನ ಹೊಟ್ಟೆ ಮುಟ್ಟುವಷ್ಟೇ ಹಾಕಿದಳು. ನಾನು ಮೆಲ್ಲಗೆ ಇಳಿಸಿದೆ. ಉಗುರು ಚೀಲಕ್ಕೆ ಕಚ್ಚಿಕೊಂಡವು. ಕಾಲು ಜಾರಲಿಲ್ಲ. ಸಾವಕಾರ ಒಮ್ಮೆ ನಡುಗಿ, ನಿಂತ.

“ಎದಿ ಕೆಳಗ ಕೈ ಇಡು. ಒತ್ತಬ್ಯಾಡ, ಇಡು ಅಷ್ಟ. ದಿನಾ ಏನೇನು ಹೇಳ್ತೀಯಲ್ಲ ಇವನ ಮುಂದ, ಅದನ್ನs ಹೇಳು” ಎಂದಳು. ಅಂದರೆ ಗೋಡೆಯಾಚೆ ಆಕೆಗೆ ಎಲ್ಲ ಕೇಳಿಸುತ್ತಿತ್ತು! ಅತ್ತೆ ಎದುರಿಗೇ ನಿಂತಿದ್ದರು, ಏನು ಹೇಳಲಿ? ನಮ್ಮ ತವರಿನ ಎಮ್ಮೆಯ ಕತೆ ಹೇಳಿದೆ.

ಈ ಸಲ ಅವಸರ ಇರಲಿಲ್ಲ. ಕಡಲೆಹಿಟ್ಟು ತೆಳ್ಳಗೆ ಕಲಸಿ ಕುತ್ತಿಗೆಯಿಂದ ಹಿಂದಕ್ಕೆ, ಕೂದಲು ಮಲಗಿದ ಕಡೆಗೇ ಹಚ್ಚಿದಳು. ಚೊಂಬು ಎತ್ತರದಿಂದ ಹೊಯ್ಯಲಿಲ್ಲ, ಮೈಗೆ ಹತ್ತಿಸಿ ಸಣ್ಣಗೆ ಹರಿಸಿದಳು. ತಲೆಗೆ ಒಂದು ಹನಿ ಹಾಕಲಿಲ್ಲ. ಒದ್ದೆ ಬಟ್ಟೆಯಿಂದ ಮುಖ ಒರೆಸಿದಳು, ಕಿವಿಯ ಒಳಗೆ ಹೋಗಲೇ ಇಲ್ಲ. ಹಿಟ್ಟು ಪೂರ್ತಿ ಹೋಗುವ ತನಕ ನೀರು ಬದಲಿಸಿದಳು. “ಉಳಿದ್ರ ನೆಕ್ಕತಾನ. ಹೊಟ್ಟಿಗೆ ಹೋಗತೈತಿ” ಎಂದಳು. ಆಮೇಲೆ ಮಾವನ ಹಳೆಯ ಧೋತರದಲ್ಲಿ ಸುತ್ತಿ ಒತ್ತಿ ಒತ್ತಿ ನೀರು ತೆಗೆದು, ಬಿಸಿಲು ಬೀಳುವ ಮೂಲೆಯಲ್ಲಿ ಇಟ್ಟಳು. ರೂಢಿ ನೋಡಿ, ಕೆಂಡದ ಬಟ್ಟಲು ಕೈಗೆತ್ತಿಕೊಂಡೇಬಿಟ್ಟಿದ್ದಳು. ಸಾವಕಾರ ಆಕೆಯನ್ನು ಒಂದು ನೋಟ ನೋಡಿದ.

“ಆತಪ್ಪ, ಲೋಬಾನ ಬ್ಯಾಡ. ಇವತ್ತಿಗೆ ಇಬ್ಬರಿಗೂ ಇಷ್ಟು ಸಾಕು” ಎಂದು ಬಟ್ಟಲು ಕೆಳಗಿಟ್ಟಳು.

ಬಿಸಿಲು ಇಳಿಯುವ ಹೊತ್ತಿಗೆ ಅವನು ಒಣಗಿ ಅರಳೆಗಿಂತ ಬೆಳ್ಳಗಾಗಿದ್ದ. ಅತ್ತೆ ಬಂದು ನಿಂತು ನೋಡಿದರು. ಅವರು ಬೋಗುಣಿಯಿಂದ ಚೀಲ ಎತ್ತಿದರು. ಅದರಿಂದ ನೀರು ಸೋರುತ್ತಿತ್ತು.

“ಚೀಲ ಒದ್ದಿ ಆಗೇತಿ” ಎಂದರು. “ಒಣಗಲಿ, ಆಮ್ಯಾಲ ನೋಡೋಣು.”

ತಂತಿಯ ಮೇಲೆ ಹರವಿ ಒಳಗೆ ಹೋದರು. ನೀರವ್ವ ನನ್ನ ಪಕ್ಕೆಗೆ ತಿವಿದಳು. ನಾವಿಬ್ಬರೂ ಬಾಯಿಗೆ ಸೆರಗು ತುರುಕಿಕೊಂಡು ನಕ್ಕೆವು. ಆ ಚೀಲ ಮುಂದೆ ಎಂದೂ ಪೂರ್ತಿ ಒಣಗಲಿಲ್ಲ. ಒಣಗುತ್ತ ಬಂತು ಅನ್ನುವಷ್ಟರಲ್ಲಿ ಸಾವಕಾರ ಮತ್ತೆ ಗ್ರೀಸು ಹತ್ತಿಸಿಕೊಂಡು ಬರುತ್ತಿದ್ದ. ಅತ್ತೆ ಗೊಣಗುತ್ತಲೇ ಅದನ್ನು ತಂದು ಬೋಗುಣಿಗೆ ಹಾಸುತ್ತಿದ್ದರು. ಅವನು ಮುದುಕನಾಗಿ ನಮ್ಮ ಮನೆಯಲ್ಲೇ, ಅರಳೆಯ ರಾಶಿಯ ಮೇಲೆಯೇ ಕಣ್ಣು ಮುಚ್ಚಿದ.

ನನ್ನ ಮಗಳಿಗೂ ನೀರವ್ವನೇ ನೀರು ಹಾಕಿದಳು. ಅವಳು ಶಾಲೆಗೆ ಹೋಗುವಷ್ಟು ದೊಡ್ಡವಳಾಗಿದ್ದಾಗ, ರಾಯಚೂರು ಕಡೆ ಕೊಟ್ಟಿದ್ದ ನೀರವ್ವನ ಮಗಳಿಗೆ ಗಂಡುಮಗು ಆಯಿತು. ನೀರು ಹಾಕಲು ಆಕೆ ಹೊರಟಳು. ಊರಿನ ಕೂಸುಗಳಿಗೆಲ್ಲ ಮಾಡಿದಾಕೆ ಮೊದಲ ಸಲ ತನ್ನ ಮೊಮ್ಮಗನಿಗೆ ಮಾಡುವವಳಿದ್ದಳು. ಕಾಲು ನೆಲದ ಮೇಲೆ ನಿಲ್ಲುತ್ತಿರಲಿಲ್ಲ. ಮಾಧವರಂ ಮೇಲೆ ಹೋಗುವ ಬಸ್ಸಿನ ಕಿಟಕಿಯಲ್ಲಿ ಕೂತು, ನಾನು ಕಣ್ಣೊರೆಸಿಕೊಳ್ಳುವುದನ್ನು ಕಂಡು ಗದರಿದಳು.

“ನಾನೇನು ಬೆಕ್ಕೇನಲೇ, ಹೊಳಿ ದಾಟಿದ್ರ ದಾರಿ ಮರಿಯಾಕ? ಕೂಸಿಗೆ ಹಲ್ಲು ಬರಲಿ, ಬರ್ತೀನಿ.”

ಹಲ್ಲು ಬಂದಿರಬೇಕು... ಆಕೆ ಬರಲಿಲ್ಲ. ಮಳೆಗಾಲ ಮುಗಿದ ಮೇಲೆ, ಆ ಕಡೆಯಿಂದ ಅರಳೆಗೆ ಬಂದವರೊಬ್ಬರು ತಕ್ಕಡಿಯ ಮುಂದೆ ಕೂತು ಮಾತಿನ ನಡುವೆ ಹೇಳಿದರು. ಜ್ವರ ಬಂದಿತ್ತಂತೆ, ಬಹಳ ದಿನ ನರಳಲಿಲ್ಲವಂತೆ. ಅತ್ತೆ ಅವತ್ತು ಒಲೆ ಹಚ್ಚಲಿಲ್ಲ. ಎಷ್ಟು ಕೂಸುಗಳು ಆ ಕಾಲ ಮೇಲೆ ಮಲಗಿದ್ದವು, ಒಂದಕ್ಕೂ ಆಕೆಯನ್ನು ನೋಡಿಬರುವ ವಯಸ್ಸಾಗಿರಲಿಲ್ಲ, ಇಲ್ಲವೇ ಪುರುಸೊತ್ತಾಗಿರಲಿಲ್ಲ.

ಇವತ್ತು ಬೆಳಿಗ್ಗೆ ಮಗಳು ಫೋನು ನೋಡಿ ಓದಿ ಹೇಳುತ್ತಿದ್ದಳು. ಬಾಗಿಲು ಮುಚ್ಚಿಕೊಳ್ಳಬೇಕಂತೆ, ತಳಕ್ಕೆ ಜಾರದ ಹಾಸು ಬೇಕಂತೆ, ನೀರು ಉಗುರುಬೆಚ್ಚಗಿರಬೇಕಂತೆ, ಮುಖಕ್ಕೆ ಹಾಕಬಾರದಂತೆ, ಮನುಷ್ಯರ ಶಾಂಪು ಬೇಡವಂತೆ, ಬೆಕ್ಕಿನದೇ ಬೇರೆ ಸಿಗುತ್ತದಂತೆ. ಅಳಿಯ ಅದನ್ನು ತಂದೂ ಕೊಟ್ಟಿದ್ದ. ಎಲ್ಲ ಸರಿ. ಮೊದಲು ಎಣ್ಣೆ ತಿಕ್ಕಿ ಅರಳೆಯ ರಾಶಿಗೆ ಬಿಡು ಎಂದು ಮಾತ್ರ ಫೋನು ಹೇಳಲಿಲ್ಲ. ಚುಕ್ಕಿಗೆ ಅದರ ಅಗತ್ಯವೂ ಬೀಳಲಿಲ್ಲ. ಒಣ ಬ್ರಶ್ಶಿನಲ್ಲಿ ಸಿಮೆಂಟು ಧೂಳು ಮೊದಲೇ ಉದುರಿಸಿ, ಗೋಣಿಚೀಲದ ಮೇಲೆ ನಿಲ್ಲಿಸಿದೆವು. ಉಗುರು ಕಚ್ಚಿಕೊಂಡಿತು, ಒಮ್ಮೆ ನಡುಗಿತು, ನಿಂತಿತು. ಮಗಳು ಅದರ ಕಿವಿಯ ಹತ್ತಿರ ಬಾಗಿ ಏನೋ ಹೇಳುತ್ತಲೇ ಇದ್ದಳು. ನಾನು ಕೇಳಿಸಿಕೊಳ್ಳಲಿಲ್ಲ. ಅಂದರೆ, ಕೇಳಿಸಿತು, ಹೇಳುವುದಿಲ್ಲ.

ಹೊತ್ತೇರಿದ ಮೇಲೆ ಓಣಿಯ ಹೆಂಗಸರು ಮತ್ತೆ ಬಂದರು. “ಬೆಕ್ಕನ್ನ ಇನ್ನಾ ಬಿಟ್ಟು ಬಂದಿಲ್ಲೇನಬೇ?” ಎಂದು ಕೇಳಿದರು. ನಾನು ತಂತಿಯ ಕಡೆ ತೋರಿಸಿದೆ.

“ಚೀಲ ಒದ್ದಿ ಐತ್ರಿ. ಒಣಗಲಿ, ಆಮ್ಯಾಲ ನೋಡೋಣು.”

ಮಗಳು ಕೂಸಿನ ಕುಲಾಯಿ ಸರಿಮಾಡುವುದನ್ನು ಬಿಟ್ಟು ತಲೆ ಎತ್ತಿ ನನ್ನನ್ನು ನೋಡಿದಳು. ಆ ನಗು! ಕೂಸು ಹುಟ್ಟಿದ ದಿನವೂ ಅವಳು ಹಾಗೆ ನಕ್ಕಿರಲಿಲ್ಲ ಅನ್ನಿಸಿತು. ಹುಟ್ಟಿದ ದಿನ ಅವಳಿಗೆ ಸುಸ್ತಾಗಿತ್ತು ಬಿಡಿ.

ಹೆಂಗಸರು ಹೋದ ಮೇಲೆ ಮೊಮ್ಮಗಳ ಸರದಿ. ನನ್ನ ಮಂಡಿ ಈಗ ಮೊದಲಿನಂತಿಲ್ಲ. ಆದರೂ ಮಣೆಯ ಮೇಲೆ ಕೂತು, ಸೀರೆ ಮೇಲೆ ಕಟ್ಟಿ, ಎರಡೂ ಕಾಲು ನೀಡಿದೆ. ಮಗಳು ಕೂಸನ್ನು ತಂದು ಮಲಗಿಸಿ, ಒರೆಸುವ ಬಟ್ಟೆ ತರಲು ಒಳಗೆ ಹೋದಳು. ಇಷ್ಟೇ ಇಷ್ಟು ಭಾರ! ಚುಕ್ಕಿ ಒಣಗಿದ ಮೈಯಲ್ಲಿ ಬಂದು ಬಾಗಿಲ ಹತ್ತಿರ ಕಾಲು ಮಡಚಿ ಕೂತಿತು. ಚೊಂಬಿನ ನೀರನ್ನು ಮೊಣಕೈ ಮೇಲೆ ಸುರಿದುಕೊಂಡೆ. ಹದ ತಿಳಿಯಲಿಲ್ಲ. ಖುಷಿಗೋ ಏನೋ, ಚರ್ಮಕ್ಕೆ ಏನೂ ತಿಳಿಯುತ್ತಿರಲಿಲ್ಲ. ಸಾವಕಾರನಿಗೆ ನೀರು ಹಾಕುತ್ತಿದ್ದಾಗಿನ ರೂಢಿಯಂತೆ ಪಕ್ಕಕ್ಕೆ ತಿರುಗಿದೆ.

“ನೀರವ್ವಾ, ಬಿಸಿ ಹೆಚ್ಚಾತೇನು ನೋಡು...”

ಕೇಳಿದ ಮೇಲೆ ತಿಳಿಯಿತು, ಪಕ್ಕದಲ್ಲಿ ಯಾರೂ ಇಲ್ಲ. ಬೆಕ್ಕೊಂದೇ ನನ್ನನ್ನು ಅರೆಗಣ್ಣಿನಲ್ಲಿ ನೋಡುತ್ತಿತ್ತು. ಕೂಸು ಆಗಲೇ ಕಾಲು ಬಡಿಯುತ್ತಿತ್ತು. ಒಂದು ಚೊಂಬು ತಣ್ಣೀರು ಬೆರೆಸಿ, ಮತ್ತೊಮ್ಮೆ ಮೊಣಕೈ ಮೇಲೆ ಸುರಿದುಕೊಂಡೆ.